ಇನಾಸ ಮಾಮಾ ಡಬಲ್ ಬೇಸ್ ಬಾರಿಸಿದ ವರ್ಷ

ಹೋದ ವರ್ಷ ದೀಪಾವಳಿ ಕಳೆದ ಮೇಲೆ ಕೊಲ್ಲಾಪುರದ ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು ತೂಕಡಿಸುತ್ತಿದ್ದೆ. ಬಸ್ಸು ನಿಪ್ಪಾಣಿ ಸ್ಟ್ಯಾಂಡಿನತ್ತ ತಿರುಗಿದ್ದೇ ತಡ, ತಂಬಾಕಿನ ಘಾಟು ಮೂಗಿಗೆ ಬಡಿದು ಒಂದರ ಹಿಂದೊಂದು ಸೀನು ಬಂದವು. ಪಕ್ಕದಲ್ಲಿದ್ದ ಹೆಣ್ಣುಮಗಳು ನಕ್ಕು, ಈ ಊರಿಗೆ ಹೊಸಬರೇನ್ರಿ ಎಂದು ಕೇಳಿದಳು. ಅಲ್ಲವೆಂದು ತಲೆಯಾಡಿಸಿದೆ. ಇದೇ ಊರಿನ ಹುಡುಗಿಯರ ಹೈಸ್ಕೂಲಿನಲ್ಲಿ ನಾನು ಬಹಳ ವರ್ಷ ಸಂಗೀತ ಕಲಿಸಿದವಳು. ಆದರೆ ಆ ಘಾಟು ನನಗೆ ಯಾವಾಗಲೂ ನೆನಪಿಗೆ ತರುವುದು ಮೊದಲನೆಯ ವರ್ಷವನ್ನು ಮಾತ್ರ. ಉಳಿದ ವರ್ಷಗಳ ಹೊತ್ತಿಗೆ ನನ್ನ ಮೂಗು ಪಳಗಿಬಿಟ್ಟಿತ್ತು.

ಎಂಬತ್ತರ ದಶಕ ಮುಗಿಯುತ್ತಾ ಬಂದಿದ್ದ ಕಾಲ ಅದು. ನಮ್ಮೂರು ಮಂಗಸೂಳಿ. ಅಪ್ಪನಿಗೆ ದ್ರಾಕ್ಷಿ ತೋಟ, ನನಗೆ ಹಾಡಿನ ಹುಚ್ಚು. ಧಾರವಾಡದಲ್ಲಿ ಅತ್ತೆಯ ಮನೆಯಲ್ಲಿದ್ದು ಸಂಗೀತ ಕಲಿತು ಬಂದ ಮೇಲೆ ಅಪ್ಪ ವರ ಹುಡುಕಲು ಹೊರಟಿದ್ದ. ಅಷ್ಟರಲ್ಲಿ ನಿಪ್ಪಾಣಿಯ ನೌಕರಿ ಸಿಕ್ಕಿತು. ಒಂದು ವರ್ಷ ಮಾಡು, ಕಾಯಂ ಮಾಡಿದರೆ ನೋಡೋಣ, ಇಲ್ಲದಿದ್ದರೆ ಮನೆಗೆ ಬಂದುಬಿಡಬೇಕು ಎಂದು ಅಪ್ಪ ಹೇಳಿದ್ದ. ಬಸ್ಸು ಹತ್ತಿಸುವಾಗಲೂ ಅದನ್ನೇ ಮತ್ತೊಮ್ಮೆ ಹೇಳಿದ.

ತಂಬಾಕಿನ ಮೂಟೆ ಪೇರಿಸುವ ವಖಾರಿಗಳ ಹಿಂದಿನ ಓಣಿಯಲ್ಲಿ ಕಮಲಾಕಾಕು ಎಂಬ ವಿಧವೆಯ ಮನೆಯಲ್ಲಿ ಹಿಂಬದಿಯ ಖೋಲಿ ಬಾಡಿಗೆಗೆ ಹಿಡಿದೆ. ಕಾಕು ಅಂಗಳದಲ್ಲಿ ಕೂತು ಬೀಡಿ ಕಟ್ಟುತ್ತಿದ್ದಳು. ಮಾತು ಅರ್ಧ ಮರಾಠಿ, ಅರ್ಧ ಕನ್ನಡ. ಮುಂದಿನ ಎರಡು ಖೋಲಿಗಳಲ್ಲಿ ರೋಜಾ ಸಿಸ್ಟರ್ ಇದ್ದರು. ಸರಕಾರಿ ದವಾಖಾನೆಯ ಹೆರಿಗೆ ವಾರ್ಡಿನಲ್ಲಿ ನರ್ಸು. ಖಾನಾಪುರದ ಕಡೆಯವರು, ಐವತ್ತರ ಹತ್ತಿರದ ವಯಸ್ಸು, ನಡಿಗೆಯಲ್ಲೂ ಮಾತಿನಲ್ಲೂ ವಾರ್ಡಿನ ಶಿಸ್ತು. ಅವರ ಗಂಡ ಮುಂಬೈಯಲ್ಲಿ ವಾದ್ಯ ಬಾರಿಸುತ್ತಾರೆ, ಗಣಪತಿ ಹಬ್ಬಕ್ಕೋ ಕ್ರಿಸ್‌ಮಸ್ಸಿಗೋ ನಾಲ್ಕು ದಿನ ಬಂದು ಹೋಗುತ್ತಾರೆ ಎಂದು ಕಾಕು ಹೇಳಿದ್ದಳು. ಮದುವೆಯಾಗಿ ಇಪ್ಪತ್ತೈದು ವರ್ಷವಾದರೂ ಅವರಿಬ್ಬರೂ ಒಂದೇ ಸೂರಿನಡಿ ನೆಟ್ಟಗೆ ಎರಡು ತಿಂಗಳು ಇದ್ದವರಲ್ಲ. ಒಬ್ಬಳೇ ಮಗಳು ಗೋವಾದಲ್ಲಿ ಗಂಡನ ಮನೆಯಲ್ಲಿದ್ದಳು.

ಜೂನ್ ತಿಂಗಳ ಮೊದಲ ಮಳೆಯ ಸಂಜೆ ಆ ಗಂಡ ಬಂದರು. ಮುಂಬೈಯಲ್ಲಿ ತಂಬಾಕು ಇಳಿಸಿ ಮರಳುತ್ತಿದ್ದ ಲಾರಿ ಓಣಿಯ ಬಾಯಿಗೆ ನಿಂತಿತು. ಅದರಿಂದ ತೆಳ್ಳಗಿನ, ಎತ್ತರದ, ನೆರೆತ ಮೀಸೆಯ ಮನುಷ್ಯನೊಬ್ಬ ಇಳಿದ. ಆಮೇಲೆ ನಾಲ್ಕು ಜನ ಹಮಾಲರು ಲಾರಿಗೆ ಹೊದಿಸುವ ತಾಡಪತ್ರಿಯಲ್ಲಿ ಸುತ್ತಿದ್ದ ಆಳೆತ್ತರದ ಒಂದು ವಸ್ತುವನ್ನು ಮೆಲ್ಲಗೆ ಇಳಿಸಿದರು. ಅದಕ್ಕೆ ಕುತ್ತಿಗೆ, ಹೆಗಲು, ಸೊಂಟ ಎಲ್ಲ ಇದ್ದಂತೆ ಕಾಣುತ್ತಿತ್ತು. ಕಾಕು ಬೀಡಿಯ ಮೊರ ಕೆಳಗಿಟ್ಟು ಎದ್ದು ನಿಂತಳು.

"ಏ ಬಾಯಿ, ಅದರಾಗ ಮನಶ್ಯಾ ಅದಾನೇನು?" ಎಂದು ರೋಜಾ ಸಿಸ್ಟರ್ ಅವರನ್ನು ಕೇಳಿದಳು.

"ಇಲ್ರಿ ಕಾಕೂ," ಎಂದರು ಸಿಸ್ಟರ್. "ನನ್ನ ಸವತಿ ಅದು."

ಅದು ಡಬಲ್ ಬೇಸ್. ಪಿಟೀಲಿನ ಜಾತಿಯದೇ, ಆದರೆ ಗದ್ದದ ಕೆಳಗೆ ಹಿಡಿಯುವುದಲ್ಲ. ನೆಲಕ್ಕೆ ಊರಿ, ಮೈಗೆ ಆನಿಸಿಕೊಂಡು, ನಿಂತುಕೊಂಡು ಬಾರಿಸುವುದು. ದಪ್ಪನೆಯ ನಾಲ್ಕು ತಂತಿ. ಓಣಿಯವರಿಗೆ ಅದು ಅವತ್ತಿನಿಂದ 'ದೊಡ್ಡ ಪಿಟೀಲು' ಆಯಿತು. ಅದರ ಒಡೆಯ ಇನಾಸ್ ಎಲ್ಲರಿಗೂ ಇನಾಸ ಮಾಮಾ ಆದರು.

ಮಾಮಾನ ಕಥೆಯನ್ನು ನಾನು ಆ ಮಳೆಗಾಲದಲ್ಲಿ ತುಂಡುತುಂಡಾಗಿ ಕೇಳಿದೆ. ಗೋವಾದ ಹಳ್ಳಿಯೊಂದರ ಚರ್ಚಿನಲ್ಲಿ ಪಾದ್ರಿಯಿಂದ ಪಿಟೀಲು ಕಲಿತದ್ದು. ಕೈ ಉದ್ದವಾಗಿದೆ ಎಂಬ ಒಂದೇ ಕಾರಣಕ್ಕೆ ಬೇಸ್ ಹಿಡಿಸಿದ್ದು. ಹಡಗಿನ ಬ್ಯಾಂಡಿನಲ್ಲಿ ಸಮುದ್ರ ಸುತ್ತಿ ಮುಂಬೈಯ ಕಡಲ ದಂಡೆಯ ಹೋಟೆಲೊಂದರಲ್ಲಿ ಜಾಝ್ ಬಾರಿಸಲು ನಿಂತದ್ದು. ಐದು ಜನರ ಮೇಳ. ಪಿಯಾನೋ, ಸ್ಯಾಕ್ಸೊಫೋನ್, ತುತ್ತೂರಿ, ಡ್ರಮ್, ಇವರ ಬೇಸ್. ಕ್ರಮೇಣ ಹೋಟೆಲುಗಳಿಗೆ ಡಿಸ್ಕೋ ಬಂತು, ಮೇಳ ಚದುರಿತು. ಆಮೇಲೆ ಸಿನಿಮಾ ಹಾಡುಗಳ ರೆಕಾರ್ಡಿಂಗಿಗೆ ಹೋದರು. ಅಲ್ಲಿಗೂ ಎಲೆಕ್ಟ್ರಾನಿಕ್ ಕೀಬೋರ್ಡು ಬಂತು.

"ಒಂದು ಪೆಟಗಿ ಬಂತು ಟೀಚರ್," ಎಂದರು ಒಮ್ಮೆ. "ಅದರಾಗ ಪಿಯಾನೋ ಐತಿ, ಡ್ರಮ್ ಐತಿ, ನಾನೂ ಅದೀನಿ. ಗುಂಡಿ ಒತ್ತಿದ್ರ ನಾನಽ ಬರ್ತೀನಿ. ಮತ್ತ ನನಗ ಯಾಕ ಕರೀತಾರ?"

ಇದನ್ನು ಹೇಳುವಾಗ ಅವರ ದನಿಯಲ್ಲಿ ಕಹಿಯಿರಲಿಲ್ಲ. ನಗುತ್ತಲೇ ಹೇಳಿದರು. ಆದರೆ ಬೇಸನ್ನು ಪಡಸಾಲೆಯ ಮೂಲೆಗೆ ನಿಲ್ಲಿಸಿ ಮೇಲೊಂದು ಚಾದರ ಹೊದಿಸಿದವರು ಮತ್ತೆ ಅದನ್ನು ಮುಟ್ಟಲಿಲ್ಲ. ಪೇಟೆಗೆ ಹೋಗಿ ಮೀನು ತರುವುದು, ಕಾಯಿ ತುರಿದು ಸಾರು ಮಾಡುವುದು, ಸಿಸ್ಟರ್ ಅವರ ಬಿಳಿ ಸೀರೆಗೆ ಗಂಜಿ ಹಾಕಿ ಇಸ್ತ್ರಿ ಮಾಡುವುದು. ಇಡೀ ಓಣಿಯಲ್ಲಿ ಹೆಂಡತಿಯ ಬಟ್ಟೆಗೆ ಇಸ್ತ್ರಿ ಹಾಕುವ ಗಂಡಸು ಅವರೊಬ್ಬರೇ ಎಂದು ಕಾಕುವಿನ ಬೀಡಿ ಕಟ್ಟುವ ಗೆಳತಿಯರು ಅದನ್ನು ನೋಡಲೆಂದೇ ಕಟ್ಟೆಯ ಕಡೆಗೆ ಸರಿದು ಕೂರುತ್ತಿದ್ದರು. ಸಿಸ್ಟರಿಗೆ ಸಂತೋಷವಿತ್ತು, ಅಷ್ಟೇ ಚಿಂತೆಯೂ ಇತ್ತು. ಒಂದು ಸಂಜೆ ಒಣಗಿದ ಬಟ್ಟೆ ತೆಗೆಯುತ್ತಾ ನನ್ನ ಮುಂದೆ ಹೇಳಿಕೊಂಡರು. ಮಾತಾಡ್ತಾರೆ, ನಗ್ತಾರೆ, ಉಣ್ತಾರೆ, ಆದರೆ ಆ ಕೈ ಇಷ್ಟು ದಿನ ತಂತಿ ಮುಟ್ಟದೆ ಇದ್ದದ್ದು ಎಂದೂ ಇಲ್ಲ ಎಂದರು.

ನನ್ನ ಪಾಡು ಬೇರೆ ಇತ್ತು. ಶಾಲೆಯಲ್ಲಿ ತಗಡಿನ ಮಾಡಿನ ಹಾಲಿನಲ್ಲಿ ಎರಡೆರಡು ತರಗತಿಯ ಹುಡುಗಿಯರನ್ನು ಒಟ್ಟಿಗೆ ಕೂರಿಸಿ ಹಾಡು ಹೇಳಿಕೊಡಬೇಕು. ತಗಡಿನ ಮೇಲೆ ಮಳೆ, ಹೊರಗೆ ಲಾರಿಗಳ ಹಾರನ್ನು. ಎಲ್ಲವನ್ನೂ ಮೀರಿಸಿ ನಾನು ಕಪ್ಪು ಐದರ ಎತ್ತರದ ಶ್ರುತಿಯಲ್ಲಿ ಹಾಡುತ್ತಿದ್ದೆ. ಧಾರವಾಡದಲ್ಲಿ ಗುರುಗಳು ಹಾರ್ಮೋನಿಯಂನ ಆ ಮನೆಯನ್ನೇ ನನಗೆ ಗೊತ್ತು ಮಾಡಿದ್ದರು. ಜೊತೆಗೆ ತಂಬಾಕಿನ ಧೂಳು. ಶ್ರಾವಣದ ಹೊತ್ತಿಗೆ ಮೇಲಿನ ಷಡ್ಜ ಮುಟ್ಟುವಾಗ ಗಂಟಲು ಹರಿದ ಬಟ್ಟೆಯಂತೆ ಸಪ್ಪಳ ಮಾಡತೊಡಗಿತು. ಕೊಲ್ಲಾಪುರದ ಡಾಕ್ಟರು ಕನ್ನಡಿ ಇಳಿಸಿ ನೋಡಿ, ಧ್ವನಿಯ ತಂತುಗಳ ಮೇಲೆ ಬಾವು ಬಂದಿದೆ, ಹಾಡುವುದಿರಲಿ ಒಂದು ಮಾತೂ ಆಡಬೇಡಿ, ದಸರೆಯವರೆಗೆ ಸುಮ್ಮನಿರಿ ಎಂದರು.

ನಮ್ಮ ಹೆಡ್‌ಮಿಸ್ಟ್ರೆಸ್ ಕುಲಕರ್ಣಿ ಬಾಯಿಯವರು ಕೆಟ್ಟವರಲ್ಲ. ರಜೆ ಕೊಟ್ಟರು. ಆದರೆ ಡಿಸೆಂಬರಿನ ಗ್ಯಾದರಿಂಗಿನಲ್ಲಿ, ಅಂದರೆ ಶಾಲೆಯ ವಾರ್ಷಿಕೋತ್ಸವದಲ್ಲಿ, ಆಡಳಿತ ಮಂಡಳಿಯವರ ಎದುರಿಗೆ ನೀವು ಹಾಡಲೇಬೇಕು, ಆಗದಿದ್ದರೆ ಕಾಯಂ ಮಾಡಿರೆಂದು ಹೇಳಲು ನನಗೆ ಬಾಯಿ ಇರುವುದಿಲ್ಲ ಎಂದೂ ಹೇಳಿದರು.

ನಾನು ಒಂದು ಪಾಟಿ ಮತ್ತು ಬಳಪ ಹಿಡಿದು ಮೂಕಿಯಾದೆ. ಉಪ್ಪು ಬೇಕೆಂದರೂ ಬರೆದು ತೋರಿಸಬೇಕು. ಸಿಸ್ಟರ್ ಡ್ಯೂಟಿಗೆ ಹೋದ ಮೇಲೆ ಮುಂದಿನ ಕಟ್ಟೆಯ ಮೇಲೆ ಮಾಮಾ ಬೆಳ್ಳುಳ್ಳಿ ಸುಲಿಯುತ್ತಾ ಕೂರುವರು, ನಾನು ಮಳೆ ನೋಡುತ್ತಾ ಕೂರುವೆ. ಒಂದು ಮಧ್ಯಾಹ್ನ ಬೇಸರ ತಡೆಯಲಾರದೆ ಪಾಟಿಯ ಮೇಲೆ ಬರೆದು, ಮೂಲೆಯಲ್ಲಿ ಚಾದರ ಹೊದ್ದು ನಿಂತಿದ್ದ ಬೇಸಿನತ್ತ ಕೈ ಮಾಡಿ ತೋರಿಸಿದೆ. 'ಅದಕ್ಕೂ ಡಾಕ್ಟರು ಮಾತಾಡಬ್ಯಾಡ ಅಂದಾರೇನು?'

ಮಾಮಾನ ಕನ್ನಡ ಸಿಸ್ಟರ್ ಅವರಿಂದ ಕೇಳಿ ಕಲಿತದ್ದು, ಓದಲು ಬರುತ್ತಿರಲಿಲ್ಲ. ಅಂಗಳದಲ್ಲಿದ್ದ ಕಾಕು ಕನ್ನಡ ಶಾಲೆಯಲ್ಲಿ ನಾಲ್ಕನೆಯ ಇಯತ್ತೆಯ ತನಕ ಕಲಿತವಳು. ಅವಳು ಕಣ್ಣು ಕಿರಿದು ಮಾಡಿ ಓದಿ ಹೇಳಿದಳು. ಮಾಮಾ ಜೋರಾಗಿ ನಕ್ಕರು. ಆಮೇಲೆ ನಗು ನಿಂತಿತು. ಬೆಳ್ಳುಳ್ಳಿಯ ಬುಟ್ಟಿ ಎತ್ತಿಕೊಂಡು ಒಳಗೆ ಹೋದರು. ನಾನು ತಪ್ಪು ಬರೆದೆನೇನೋ ಎಂದುಕೊಂಡು ಪಾಟಿ ಒರೆಸಿದೆ.

ಮರುದಿನ ಅದೇ ಹೊತ್ತಿಗೆ ನಾನು ಕಟ್ಟೆಗೆ ಬಂದಾಗ ಚಾದರ ಮಡಚಿ ಇಟ್ಟಿತ್ತು. ನೆಲದ ಫರ್ಸಿ ಕಲ್ಲಿನ ಮೇಲೆ ಜಾರಬಾರದೆಂದು ಹಳೆಯ ಚಪ್ಪಲಿಯ ರಬ್ಬರಿನ ತುಂಡನ್ನು ಇಟ್ಟು, ಅದರ ಮೇಲೆ ಬೇಸಿನ ಬುಡದ ಮೊಳೆ ಊರಿ ಮಾಮಾ ತಂತಿ ಬಿಗಿಯುತ್ತಿದ್ದರು. ನೀನು ಹಾಡೂ ಹಂಗಿಲ್ಲ, ಕೇಳಾಕಾದ್ರೂ ಕುಂಡ್ರು ಎಂದರು.

ಕಮಾನು ಮುಟ್ಟಲಿಲ್ಲ. ಬಲಗೈಯ ಎರಡು ಬೆರಳಿನಿಂದ ತಂತಿಯನ್ನು ಪಕ್ಕಕ್ಕೆ ಎಳೆದು ಬಿಡುತ್ತಿದ್ದರು. ಮೊದಲು ಅದು ನನಗೆ ಕಿವಿಗಿಂತ ಅಂಗಾಲಿಗೆ ಕೇಳಿಸಿತು. ಕಟ್ಟೆಯ ಕಲ್ಲು ಸಣ್ಣಗೆ ನಡುಗಿತು. ಪಕ್ಕದ ಖೋಲಿಯಲ್ಲಿ ಯಾರೋ ಬರಿಗಾಲಿನಲ್ಲಿ ಅತ್ತಿಂದಿತ್ತ ನಡೆದಾಡಿದಂತೆ ಒಂದಾದ ಮೇಲೊಂದು ಸ್ವರ, ಒಂದೇ ನಡಿಗೆಯಲ್ಲಿ, ಏರುತ್ತ ಇಳಿಯುತ್ತ. ಬಾಯಿ ಅರ್ಧ ತೆರೆದು ತಮಗಷ್ಟೇ ಕೇಳುವಂತೆ ಗುನುಗುತ್ತಿದ್ದರು. ನಾನು ಹಾಡು ಶುರುವಾದೀತೆಂದು ಕಾದೆ. ಆಗಲೇ ಇಲ್ಲ. ಇದು ಯಾವ ರಾಗ, ಹಾಡು ಎಲ್ಲಿ ಎಂದು ಬರೆದೆ. ಕಾಕು ಓದಿದಳು.

ಮಾಮಾ ಬಾರಿಸುವುದನ್ನು ನಿಲ್ಲಿಸದೆಯೇ ವಿವರಿಸಿದರು. ಜಾಝಿನಲ್ಲಿ ಎಲ್ಲರೂ ಸೇರಿ ಹಾಡನ್ನು ಒಂದು ಸಲ ಇದ್ದಂತೆ ಬಾರಿಸುತ್ತಾರೆ. ಆಮೇಲೆ ಒಬ್ಬೊಬ್ಬರಾಗಿ ತಮಗೆ ತೋಚಿದಂತೆ ಅದನ್ನು ಬೆಳೆಸುತ್ತಾರೆ, ನಿಮ್ಮ ಆಲಾಪ, ತಾನ್ ಇದ್ದ ಹಾಗೆ. ಆಗ ಬೇಸಿನವನು ತಾನೂ ಹೊರಟುಬಿಡುವಂತಿಲ್ಲ.

"ಎಲ್ಲಾರೂ ಹಾಡು ಬಿಟ್ಟು ಹೊರಗ ಹೋಗತಾರ. ವಾಪಸ್ ಬರಾಕ ಯಾರಾದ್ರೂ ಒಬ್ರು ಮನ್ಯಾಗ ಇರಬೇಕಲ್ಲ? ಅಂವ ನಾನು."

ಡ್ಯೂಟಿ ಮುಗಿಸಿ ಬಂದ ಸಿಸ್ಟರ್ ಆಗಲೇ ಬಾಗಿಲಲ್ಲಿ ನಿಂತಿದ್ದರು. ಕೈಯಲ್ಲಿ ಕೊಡೆ, ಸೀರೆಯ ಅಂಚೆಲ್ಲ ಕೆಸರು.

"ಅದು ಬಾಂಬೇದಾಗ," ಎಂದರು ಮೆಲ್ಲಗೆ. "ಇಲ್ಲಿ ಮನ್ಯಾಗ ಇದ್ದಾಕಿ ನಾನು."

ಮಾಮಾ ಅಂಗೈಯನ್ನು ತಂತಿಗಳ ಮೇಲಿಟ್ಟು ನಾದ ನಿಲ್ಲಿಸಿದರು. ಅದೂ ಖರೇನ ಎಂದರು. ಸಿಸ್ಟರ್ ಒಳಗೆ ಹೋಗಿ ಚಹಾಕ್ಕೆ ಇಟ್ಟರು. ಆಮೇಲೆ ಅಡುಗೆಮನೆಯಿಂದಲೇ, ಯಾಕ ನಿಲ್ಲಿಸಿದ್ರಿ, ಬಾರಸ್ರಿ ಎಂದು ಕೂಗಿದರು. ಆ ದಿನದಿಂದ ಬೇಸು ಚಾದರ ಹೊದೆಯಲಿಲ್ಲ.

ಮುಂದಿನ ವಾರಗಳಲ್ಲಿ ನಾನು ಮಾಡಿದ ಕೆಲಸ ಕೇಳುವುದೊಂದೇ. ಗುರುಗಳ ಬಳಿ ಐದು ವರ್ಷ ಕಲಿತರೂ ಅಷ್ಟೊಂದು ಕೇಳಿರಲಿಲ್ಲವೇನೋ. ಮಾಮಾ ಕಡಿಮೆ ಸ್ವರ ಬಾರಿಸುವವರು. ಬೆರಳಿನಲ್ಲಿ ವೇಗವಿತ್ತು, ಒಮ್ಮೊಮ್ಮೆ ತಮಾಷೆಗೆಂದು ಕಾಕುವಿನ ಗೆಳತಿಯರ ಮುಂದೆ ಸರಸರನೆ ಓಡಿಸಿ ತೋರಿಸುತ್ತಿದ್ದರು. ಆದರೆ ತಮ್ಮಷ್ಟಕ್ಕೆ ಬಾರಿಸುವಾಗ ನಾಲ್ಕು ಸ್ವರ ಬೇಕಾಗುವಲ್ಲಿ ಮೂರೇ ಬಾರಿಸಿ, ನಾಲ್ಕನೆಯದರ ಜಾಗವನ್ನು ಹಾಗೇ ಬಿಡುತ್ತಿದ್ದರು. ಇನ್ನು ಬರುವುದಿಲ್ಲ ಎಂದು ನಾನು ಉಸಿರು ಬಿಡುವಷ್ಟರಲ್ಲಿ ಅದು ಮೆತ್ತಗೆ ಬಂದು ಕೂರುತ್ತಿತ್ತು. ಮುಂಬೈಯಲ್ಲಿ ಡ್ರಮ್ಮಿನವನ ಬಲಗಾಲನ್ನು ನೋಡುತ್ತಾ ಬಾರಿಸುತ್ತಿದ್ದರಂತೆ. ಇಲ್ಲಿ ಬೀಡಿ ಕಟ್ಟುವವರ ಬೆರಳುಗಳನ್ನು ನೋಡುತ್ತಿದ್ದರು. ಎಲೆ ಸುತ್ತಿ, ತುದಿ ಮಡಚಿ, ದಾರ ಬಿಗಿಯುವ ಆ ಲಯ ಅವರಿಗೆ ಬಹಳ ಹಿಡಿಸಿತ್ತು. ಈ ಹೆಂಗಸರು ಎಂದೂ ಅವಸರ ಮಾಡುವುದಿಲ್ಲ, ಎಂದೂ ಹಿಂದೆ ಬೀಳುವುದಿಲ್ಲ ಎನ್ನುತ್ತಿದ್ದರು.

ದಸರೆ ಕಳೆಯಿತು. ಮಳೆ ಹಿಂದೆಗೆದು ಎಳೆಬಿಸಿಲು ಬಂತು. ಡಾಕ್ಟರು ಮತ್ತೆ ಕನ್ನಡಿ ಇಳಿಸಿ ನೋಡಿ, ಬಾವು ಇಳಿದಿದೆ, ಮೆಲ್ಲಗೆ ಶುರು ಮಾಡಿ ಎಂದರು. ಬಸ್ಸಿಳಿದು ಬಂದವಳೇ ತಂಬೂರಿ ಶ್ರುತಿ ಮಾಡಿ ನನ್ನ ಕಪ್ಪು ಐದಕ್ಕೆ ಹಚ್ಚಿದೆ. ಮಧ್ಯ ಸಪ್ತಕದ ಪಂಚಮ ದಾಟುವಷ್ಟರಲ್ಲಿ ದನಿ ಎರಡಾಗಿ ಸೀಳಿತು. ಇನ್ನೊಮ್ಮೆ ನೋಡಿದೆ. ಹಾಗೆಯೇ. ತಂಬೂರಿಯನ್ನು ಮಲಗಿಸಿ ಅಳತೊಡಗಿದೆ. ದ್ರಾಕ್ಷಿ ತೋಟ, ಅಪ್ಪ, ನೋಡಲು ಬರುವ ವರ ಎಲ್ಲವೂ ಕಣ್ಣ ಮುಂದೆ ಬಂದವು.

ಮುಂದಿನ ಪಡಸಾಲೆಯಿಂದ ಬೇಸಿನ ಒಂದು ಸ್ವರ ಕೇಳಿತು. ಒಂದೇ ಒಂದು. ಅದು ಪೂರ್ತಿ ಆರಿದ ಮೇಲೆ ಮತ್ತೆ ಅದೇ. ಕಣ್ಣೊರೆಸಿಕೊಂಡು ಹೊರಗೆ ಹೋದೆ. ಹಾರ್ಮೋನಿಯಂನಲ್ಲಿ ಹುಡುಕಿ ನೋಡಿದರೆ ಅದು ಬಿಳಿ ನಾಲ್ಕು. ನನ್ನ ಶ್ರುತಿಗಿಂತ ಬಹಳ ಕೆಳಗೆ.

"ಇಲ್ಲಿಂದ ಹಚ್ಚು," ಎಂದರು ಮಾಮಾ.

ಅದು ಗಂಡಸರ ದನಿ ಆಗುತ್ತದೆ, ಹುಡುಗಿಯರು ನಗುತ್ತಾರೆ, ಗುರುಗಳು ಏನೆಂದಾರು ಎಂದೆಲ್ಲ ನಾನು ಹೇಳಿದೆ. ಅವರು ನಾನು ಹೇಳಿ ಮುಗಿಸುವ ತನಕ ತಡೆದು ಮತ್ತೆ ಅದೇ ಸ್ವರವನ್ನು ಮೀಟಿದರು. ಕೊನೆಗೆ ನಾಚಿಕೆಯಿಂದಲೇ ಬಾಯಿ ತೆರೆದೆ. ನನ್ನದೇ ಎದೆಯಲ್ಲಿ ನಾನು ಎಂದೂ ಕೇಳಿರದ ದನಿಯೊಂದು ಇತ್ತು. ಒರಟಾಗಿತ್ತು, ಆದರೆ ಸೀಳಲಿಲ್ಲ.

ಅಲ್ಲಿಂದ ಪ್ರತಿ ಸಂಜೆ ಸಾಧನೆ. ತಂಬೂರಿಯ ಬದಲು ಬೇಸು ನಿಂತಿತು. ಅವರಿಗೆ ನಮ್ಮ ತಾಳಗಳು ಗೊತ್ತಿಲ್ಲ, ನನಗೆ ಅವರ ಲೆಕ್ಕ ಗೊತ್ತಿಲ್ಲ. ನಾನು ತೊಡೆಯ ಮೇಲೆ ತಾಳ ಹಾಕುವುದನ್ನು ನೋಡಿ ಅವರು ಹಿಡಿದುಕೊಂಡರು. ನಾನು ವಿಸ್ತಾರಕ್ಕೆ ಹೊರಟಾಗ ಹಿಂದೆ ಸರಿಯುತ್ತಿದ್ದರು, ಎಲ್ಲಿಗೆ ಹೋದರೂ ಕಾಲಿಗೆ ನೆಲ ಸಿಗುವ ಹಾಗೆ. ಒಮ್ಮೊಮ್ಮೆ ನನ್ನ ರಾಗದಲ್ಲಿಲ್ಲದ ಸ್ವರ ಬಾರಿಸಿಬಿಡುತ್ತಿದ್ದರು. ನಾನು ಕೈ ಎತ್ತಿ ಬೇಡವೆಂದರೆ ಪಾಪ ಮಾಡಿದವರಂತೆ ನಾಲಿಗೆ ಕಚ್ಚುತ್ತಿದ್ದರು. ಅಂಗಳದ ಹೆಂಗಸರು ಮೊದಲು ನಕ್ಕರು. ಆಮೇಲೆ ನಗುವುದನ್ನು ಬಿಟ್ಟರು. ದೀಪಾವಳಿಯ ಮರುದಿನ ಕಾಕು ಹೇಳಿದ್ದು ನನಗೆ ಇವತ್ತಿಗೂ ಯಾವ ಪ್ರಮಾಣಪತ್ರಕ್ಕಿಂತಲೂ ಹೆಚ್ಚು: "ಮೊದಲ ನೀ ಹಾಡೂದು ಮಾಳಗಿ ಮ್ಯಾಲಿಂದ ಕೇಳಿದಂಗ ಇತ್ತು. ಈಗ ಬಾಜೂಕ ಕುಂತು ಹೇಳಿದಂಗ ಆಗೇತಿ."

ಡಿಸೆಂಬರ್ ಹತ್ತಿರ ಬಂದಾಗ ದವಾಖಾನೆಯ ಫೋನಿಗೆ ಮುಂಬೈಯಿಂದ ಕರೆ ಬಂತು. ಮೇಳದ ಹಳೆಯ ಪಿಯಾನೋದವನು. ಅದೇ ಕಡಲ ದಂಡೆಯ ಹೋಟೆಲಿನಲ್ಲಿ ಹೊಸ ವರ್ಷದ ವಾರಕ್ಕೆ ಹಳೆಯ ಐದೂ ಜನ ಸೇರಿ ಬಾರಿಸಬೇಕಂತೆ, ತಾಲೀಮಿಗೆ ಕೂಡಲೇ ಹೊರಟು ಬಾ ಎಂದ. ಓಡುತ್ತಾ ಬಂದು ಸುದ್ದಿ ಹೇಳಿದ ಸಿಸ್ಟರ್ ಅವರ ಮುಖ ಅರಳಿತ್ತು. ಮಾಮಾ ಗ್ಯಾದರಿಂಗ್ ಯಾವತ್ತು ಎಂದು ನನ್ನನ್ನು ಕೇಳಿದರು. ತಾಲೀಮು ಶುರುವಾದ ಒಂದು ವಾರಕ್ಕೆ ಇತ್ತು. ಹಾಗಿದ್ದರೆ ಅದನ್ನು ಮುಗಿಸಿ ಬರುತ್ತೇನೆಂದು ಹೇಳಿಬಿಡು ಎಂದು ಸಿಸ್ಟರಿಗೆ ಹೇಳಿದರು.

ಸಿಸ್ಟರಿಗೆ ಸಿಟ್ಟು ಬಂತು. ಇಷ್ಟು ದಿನ ಕಾದದ್ದು ಈ ಫೋನಿಗೇ ಅಲ್ಲವೇ ಎಂದು ಕೇಳಿದರು. ನಾನೂ ಬೇಡಿಕೊಂಡೆ. ಹೋಗಿರಿ, ನಾನು ತಂಬೂರಿ ಇಟ್ಟುಕೊಂಡು ಹಾಡುತ್ತೇನೆ, ಈಗ ನನಗೆ ಧೈರ್ಯ ಬಂದಿದೆ ಎಂದೆ. ಅರ್ಧ ಸುಳ್ಳು ಹೇಳಿದೆ.

"ನಿನಗ ಧೈರ್ಯ ಬಂದೈತಿ," ಎಂದರು ಮಾಮಾ. "ನಾನು ಬಾರಸಬೇಕಂತ ಅನ್ನಸಾಕತ್ತಿದ್ದು ಇಲ್ಲಿ. ಅದನ್ನ ನಡುವ ಬಿಟ್ಟು ಹ್ಯಾಂಗ ಹೋಗ್ಲಿ?"

ಕೊನೆಗೆ ಮಾಮಾ ತಾವೇ ದವಾಖಾನೆಗೆ ಹೋಗಿ ಹೇಳಿದಾಗ ಪಿಯಾನೋದವನು ಫೋನಿನಲ್ಲೇ ರೇಗಿದನಂತೆ. ಬೇರೆ ಯಾರನ್ನಾದರೂ ನೋಡಿಕೊಳ್ಳುತ್ತೇವೆ, ಇಲ್ಲವೆ ಆ ಪೆಟ್ಟಿಗೆಯ ಗುಂಡಿ ಒತ್ತುತ್ತೇವೆ ಎಂದು ಫೋನಿಟ್ಟನಂತೆ. ಮಾಮಾ ಮನೆಗೆ ಬಂದು ಎಂದಿನಂತೆ ಕಾಯಿ ತುರಿಯಲು ಕೂತರು.

ಗ್ಯಾದರಿಂಗಿನ ದಿನ ಬೇಸನ್ನು ತಂಬಾಕಿನ ಕೈಗಾಡಿಯ ಮೇಲೆ ಗಾದಿ ಹಾಸಿ ಮಲಗಿಸಿಕೊಂಡು ಶಾಲೆಗೆ ಒಯ್ದೆವು. ಪರದೆ ಸರಿದಾಗ ಹುಡುಗಿಯರು ಕಿಸಕ್ಕನೆ ನಕ್ಕರು. ಮಂಡಳಿಯ ಅಧ್ಯಕ್ಷರು ಪಕ್ಕದವರಿಗೆ, ಇದೇನು ಪಿಟೀಲಿನ ಅಜ್ಜನೇನ್ರಿ ಎಂದದ್ದು ಮೈಕಿನ ತನಕ ಕೇಳಿತು. ಮಾಮಾ ಬಿಳಿ ನಾಲ್ಕನ್ನು ಮೀಟಿ ನನ್ನತ್ತ ನೋಡಿದರು.

ಒಂದು ವಚನ, ಒಂದು ಮರಾಠಿ ಅಭಂಗ. ಊರಿನಲ್ಲಿ ಎರಡೂ ಭಾಷೆಯವರಿದ್ದರು, ಇಬ್ಬರಿಗೂ ಸಲ್ಲಬೇಕು. ವಚನ ಚೆನ್ನಾಗಿಯೇ ಹೋಯಿತು. ಅಭಂಗದ ನಡುವೆ ಮೇಲಿನ ಷಡ್ಜಕ್ಕೆ ಏರುವ ಜಾಗದಲ್ಲಿ ಹಳೆಯ ಹೆದರಿಕೆ ಬಂತು. ಉಸಿರು ಸಾಲಲಿಲ್ಲ. ನಾನು ನಿಂತುಬಿಟ್ಟೆ. ಶಾಲೆಯವರು ಕರೆಸಿದ್ದ ತಬಲಾದವನು ಗಾಬರಿಯಾಗಿ ನನ್ನ ಮುಖ ನೋಡಿದ. ಮಾಮಾ ನೋಡಲೇ ಇಲ್ಲ. ಕಣ್ಣು ಮುಚ್ಚಿಕೊಂಡು, ಅವಸರವಿಲ್ಲದೆ, ಅದೇ ನಡಿಗೆಯಲ್ಲಿ ಒಂದು ಆವರ್ತ ನಡೆದರು. ಇನ್ನೊಂದು ನಡೆದರು. ಅದು ಹೀಗೆಯೇ ಇರಬೇಕಾದ ಜಾಗವೆಂಬಂತೆ ಸಭೆ ತಲೆದೂಗಿತು. ಅಷ್ಟರಲ್ಲಿ ನನ್ನ ಉಸಿರು ಮರಳಿತು. ಸಮಕ್ಕೆ ಸರಿಯಾಗಿ ಏರಿದೆ. ಷಡ್ಜ ತುಂಬಿ ಬಂತು, ಸೀಳಲಿಲ್ಲ, ನಿಂತಿತು.

ಮುಗಿದ ಮೇಲೆ ಕುಲಕರ್ಣಿ ಬಾಯಿ ವೇದಿಕೆಯ ಹಿಂದೆ ಬಂದರು. ಧ್ವನಿ ಬದಲಾಗೇತಲ್ಲ ಎಂದರು. ಹೌದ್ರಿ, ಇಳದೈತಿ ಎಂದೆ.

"ಇಳೀಲಿ. ಮೊದಲ ನೀವು ಹಾಡಾಕತ್ತಿದ್ರ, ಎಲ್ಲಿ ತಪ್ಪತೀರೋ ಅಂತ ನಿಮ್ಮನ್ನ ನೋಡ್ತಿದ್ದೆ. ಇವತ್ತು ಹಾಡು ಕೇಳಿದ್ನಿ."

ಸಂಕ್ರಾಂತಿಯ ಹೊತ್ತಿಗೆ ನನ್ನನ್ನು ಕಾಯಂ ಮಾಡಿದರು. ಅಪ್ಪ ಒಂದು ಬುಟ್ಟಿ ದ್ರಾಕ್ಷಿ ಹೊತ್ತುಕೊಂಡು ಬಂದು, ಅರ್ಧವನ್ನು ಮಾಮಾನ ಮುಂದೆ ಸುರಿದು ಹೋದ.

ಆದರೆ ಅದಕ್ಕೂ ಮೊದಲು ಇನ್ನೊಂದು ನಡೆಯಿತು. ಗ್ಯಾದರಿಂಗಿನ ಮರುದಿನವೇ ದವಾಖಾನೆಗೆ ಮತ್ತೆ ಫೋನು ಬಂತು. ಪೆಟ್ಟಿಗೆಯ ಗುಂಡಿ ಒತ್ತಿ ನೋಡಿದ್ದರಂತೆ. ಡ್ರಮ್ಮಿನವನು, ಇದರ ಜೊತೆ ಬಾರಿಸುವುದಾದರೆ ನಾನು ಮನೆಗೆ ಹೋಗುತ್ತೇನೆ ಎಂದನಂತೆ. ಯಾವಾಗ ಬರ್ತೀಯೋ ಆವಾಗ ಬಾ, ಆದರೆ ಬಾ ಎಂದ ಪಿಯಾನೋದವನು. ಮಾಮಾ ಹೊರಡುವ ತಯಾರಿ ನಡೆಸಿದರು. ಲಾರಿ ಗೊತ್ತಾಯಿತು, ತಾಡಪತ್ರಿ ಬಂತು. ಆಗ ಅವರು ಹೆಂಡತಿಯ ಇಸ್ತ್ರಿ ಮಾಡಿದ ಸೀರೆಗಳನ್ನೂ ತಮ್ಮ ಟ್ರಂಕಿನಲ್ಲಿ ಇಡುತ್ತಿರುವುದನ್ನು ಸಿಸ್ಟರ್ ನೋಡಿದರು. ಯಾಕೆ ಎಂದರು. ನೀನೂ ನಡಿ ಎಂದರು ಮಾಮಾ. ವಾರ್ಡಿದೆ, ರಜೆ ಸಿಗುವುದಿಲ್ಲ, ಅಂಥ ಹೋಟೆಲಿಗೆ ನಾನೇನು ಉಟ್ಟುಕೊಂಡು ಹೋಗಲಿ ಎಂದು ಸಿಸ್ಟರ್ ನೂರೆಂಟು ಹೇಳಿದರು. ಇಪ್ಪತ್ತೈದು ವರ್ಷದ ಸಂಸಾರದಲ್ಲಿ ಅವರು ಗಂಡ ಹೋಟೆಲಿನಲ್ಲಿ ಬಾರಿಸುವುದನ್ನು ಒಂದು ಸಲವೂ ನೋಡಿರಲಿಲ್ಲವೆಂದು ನನಗೆ ತಿಳಿದದ್ದೇ ಆಗ. ಕಾಕು ತನ್ನ ಮದುವೆಯ ಇಳಕಲ್ ಸೀರೆ ತಂದು ಟ್ರಂಕಿನ ಮೇಲೆ ಇಟ್ಟ ಮೇಲೆ ಮಾತು ಮುಗಿಯಿತು.

ಜನವರಿಯ ಎರಡನೆಯ ವಾರ ಇಬ್ಬರೂ ಮರಳಿದರು. ಹೊಲಗಳಲ್ಲಿ ತಂಬಾಕಿನ ಕೊಯ್ಲು ಶುರುವಾಗಿತ್ತು. ಕಟ್ಟೆಯ ಮೇಲೆ ನಾನು, ಕಾಕು, ಬೀಡಿಯ ಗೆಳತಿಯರು ಎಲ್ಲ ಸುತ್ತುಗಟ್ಟಿ ಕೂತೆವು. ಸಿಸ್ಟರ್ ಹೇಳತೊಡಗಿದರು. ಹೋಟೆಲು ಎಷ್ಟು ದೊಡ್ಡದು, ಅಡುಗೆಮನೆಯ ಬಾಗಿಲಿನ ಪಕ್ಕದ ಮೇಜಿನಲ್ಲಿ ತನ್ನನ್ನು ಹೇಗೆ ಕೂರಿಸಿದರು, ಇವರು ಕೋಟು ಹಾಕಿಕೊಂಡಾಗ ಹೇಗೆ ಕಂಡರು. ಕೊನೆಗೊಂದು ಹಾಡಿನಲ್ಲಿ ಉಳಿದವರೆಲ್ಲ ನಿಲ್ಲಿಸಿ ಇವರೊಬ್ಬರಿಗೇ ಬಿಟ್ಟುಕೊಟ್ಟರಂತೆ. ಅಷ್ಟು ಮೆಲ್ಲನೆಯ ವಾದ್ಯ, ಜನ ತಮ್ಮ ಪಾಡಿಗೆ ಮಾತಿಗೆ ತೊಡಗಿದರಂತೆ, ಪಕ್ಕದ ಮೇಜಿನವನು ವೇಟರನ್ನು ಕೂಗಿ ಬಿಯರು ಕೇಳಿದನಂತೆ.

"ನನಗ ತಡೀಲಿಲ್ಲ," ಎಂದರು ಸಿಸ್ಟರ್. "ಎದ್ದು ನಿಂತು, ವಾರ್ಡಿನ್ಯಾಗ ಅಂದಂಗ ಅಂದ್ನಿ: ಯಾರೂ ಗದ್ಲಾ ಮಾಡಬ್ಯಾಡ್ರಿ. ಕನ್ನಡದಾಗ. ಇಡೀ ಹಾಲ್ ಗಪ್ ಆತು."

ಕಾಕು ಬಾಯಿಗೆ ಸೆರಗು ಹಿಡಿದು ನಕ್ಕಳು. ಆಮೇಲೆ ಇವರು ಏನು ಮಾಡಿದರು ಎಂದು ನಾನು ಕೇಳಿದೆ. ಬಾರಿಸಿದರು, ಬಾರಿಸಿದರು, ಸ್ಯಾಕ್ಸೊಫೋನಿನವನು ವಾದ್ಯ ಬಾಯಿಗಿಟ್ಟುಕೊಂಡು ಕಾದೇ ಕಾದ, ಇವರು ಬಿಡಲೇ ಇಲ್ಲ ಎಂದರು ಸಿಸ್ಟರ್.

ಮಾಮಾ ಒಳಗೆ ಕೊತ್ತಂಬರಿ ಹೆಚ್ಚುತ್ತಿದ್ದರು. ತಲೆ ಎತ್ತಲಿಲ್ಲ.

"ಹ್ಯಾಂಗ ಬಿಡ್ಲಿ?" ಎಂದರು. "ಸಿಸ್ಟರ್ ಎದ್ದು ನಿಂತಿದ್ಳು. ಆಕಿ ಕುಂಡ್ರೂತನಕ ಬಾರ್ಸಿದ್ನಿ."